ಸೌಂದರ್ಯವರ್ಧಕಗಳ ಕಾನೂನು ಬಿಗಿಯಾಗಲಿ ಎಂದು ಐದು ನಿಮಿಷದಲ್ಲಿ ಒಪ್ಪಿಸುವುದು ಹೇಗೆ?

ಎರಡನೇ ಬೆಂಚು

ಮುಂದಿನ ವಾರ ಒಂದು ಚರ್ಚಾಸ್ಪರ್ಧೆ ಇದೆ. ‘ಸೌಂದರ್ಯವರ್ಧಕಗಳ ಕಾನೂನು ಇನ್ನಷ್ಟು ಬಿಗಿಯಾಗಬೇಕು’ ಎಂಬ ನಿಲುವಿನ ಪರ ನಾನು ಮಾತನಾಡಬೇಕು. ಇರುವುದು ಐದು ನಿಮಿಷ. ಅರಿಸ್ಟಾಟಲ್ ಹೇಳಿದ ಮೂರು ದಾರಿಗಳನ್ನೂ ಬಳಸಬೇಕೆಂಬುದು ನಿಯಮ: ಹೇಳುವವರ ಮೇಲೆ ನಂಬಿಕೆ ಹುಟ್ಟಿಸುವ ಈಥೋಸ್, ಕೇಳುವವರ ಭಾವವನ್ನು ಮುಟ್ಟುವ ಪೇಥೋಸ್, ತರ್ಕ ಮತ್ತು ಪುರಾವೆಗಳ ಲೋಗೋಸ್. ಕರಡು ಹೀಗಿದೆ:

“ಇಂದು ಬೆಳಿಗ್ಗೆ ನೀವೆಲ್ಲ ಮುಖಕ್ಕೆ ವಿಷ ಹಚ್ಚಿಕೊಂಡು ಬಂದಿದ್ದೀರಿ. ನಿಮ್ಮ ಲಿಪ್‌ಸ್ಟಿಕ್‌ನಲ್ಲಿ ಸೀಸವಿದೆ, ಮಿಠಾಯಿಗೆ ಹಾಕಿರುವ ಮಿತಿಗಿಂತ ಹತ್ತು ಪಟ್ಟು ಹೆಚ್ಚು. ಐರೋಪ್ಯ ಒಕ್ಕೂಟ 1,600ಕ್ಕೂ ಹೆಚ್ಚು ರಾಸಾಯನಿಕಗಳನ್ನು ನಿಷೇಧಿಸಿದೆ, ಅಮೆರಿಕ ಕೈಹಾಕಿರುವುದು ಹನ್ನೊಂದಕ್ಕೆ ಮಾತ್ರ. ಕೂದಲನ್ನು ನೇರ ಮಾಡಿಸಿಕೊಳ್ಳುವವರಿಗೆ ಗರ್ಭಕೋಶದ ಕ್ಯಾನ್ಸರ್ ಬರುವ ಸಂಭವ ಎರಡೂವರೆ ಪಟ್ಟು. ತಾಯಂದಿರೇ, ನಿಮ್ಮ ಮಕ್ಕಳನ್ನು ಉಳಿಸಿಕೊಳ್ಳಿ!”

ಓದಿದ ಸ್ನೇಹಿತೆ ಪೇಥೋಸ್‌ಗೆ ಹತ್ತಕ್ಕೆ ಹತ್ತು ಕೊಟ್ಟಿದ್ದಾಳೆ. ನಿಮ್ಮ ಅಭಿಪ್ರಾಯ ಬೇಕು.

ಹಳೆಯ ಸೀಮೆಸುಣ್ಣ

ಮೊದಲ ವಾಕ್ಯದಲ್ಲೇ ಸಭೆಯನ್ನು ಕಳೆದುಕೊಳ್ಳುತ್ತೀರಿ. ‘ವಿಷ ಹಚ್ಚಿಕೊಂಡು ಬಂದಿದ್ದೀರಿ’ ಎಂದ ಕೂಡಲೇ ಎಲ್ಲರೂ ಕೆನ್ನೆ ಮುಟ್ಟಿ ನೋಡಿಕೊಳ್ಳುತ್ತಾರೆ. ಕೆನ್ನೆ ಚೆನ್ನಾಗಿಯೇ ಇರುತ್ತದೆ. ಅಲ್ಲಿಗೆ ನಿಮ್ಮ ಮೇಲಿನ ನಂಬಿಕೆ ಹೋಯಿತು. ಇನ್ನೂ ನಾಲ್ಕು ನಿಮಿಷ ಐವತ್ತು ಸೆಕೆಂಡು ಮಾತನಾಡುವುದು ಬಾಕಿ ಇರುತ್ತದೆ.

ಈಥೋಸ್ ಎಂದರೆ ಮಾತನಾಡುವವನ ಪದವಿ, ಹೆಸರು ಎಂದು ಅನೇಕರು ತಿಳಿದಿದ್ದಾರೆ. ಅದು ಹಳೆಯ ಖ್ಯಾತಿಯಿಂದಲ್ಲ, ಆಡುವ ಮಾತಿನಿಂದಲೇ ಹುಟ್ಟಬೇಕು ಎಂದು ಅರಿಸ್ಟಾಟಲ್ ಸ್ಪಷ್ಟವಾಗಿ ಹೇಳುತ್ತಾನೆ. ನಮ್ಮ ನ್ಯಾಯದರ್ಶನದ ತಾರ್ಕಿಕರು ‘ಆಪ್ತವಾಕ್ಯ’ ಎಂದಿರುವುದೂ ಇದಕ್ಕೆ ಹತ್ತಿರದ್ದು. ವಿಷಯವನ್ನು ಬಲ್ಲವನು, ಬಲ್ಲದ್ದನ್ನು ಬಲ್ಲ ಹಾಗೆಯೇ ಹೇಳಬಯಸುವವನು ಆಪ್ತ. ಬಿಳಿ ಕೋಟು ಹಾಕಿದವರೆಲ್ಲ ಆಪ್ತರಲ್ಲ, ಜಾಹೀರಾತುಗಳನ್ನು ನೋಡಿದರೆ ಗೊತ್ತಾಗುತ್ತದೆ.

ನಿಮ್ಮ ಕರಡಿನಲ್ಲಿ ಪೇಥೋಸ್ ತುಂಬಿ ತುಳುಕುತ್ತಿದೆ, ಈಥೋಸ್ ಇಲ್ಲವೇ ಇಲ್ಲ. ಲೋಗೋಸ್ ಇದೆಯೆಂದು ನೀವು ಭಾವಿಸಿರಬಹುದು. ಇರುವುದು ಅಂಕಿಗಳು. ಅವನ್ನು ಬಲ್ಲವರು ಯಾರಾದರೂ ಪರಿಶೀಲಿಸಲಿ.

ಬೀಕರ್

ನಾನು ಪರಿಶೀಲಿಸುತ್ತೇನೆ. ಕ್ರೀಮು, ಲೋಷನ್‌ಗಳ ಪಾಕ ಕಟ್ಟುವುದೇ ನನ್ನ ಉದ್ಯೋಗ. ಅಂದರೆ ನೀವು ಬೈಯುತ್ತಿರುವ ಉದ್ಯಮದ ಅನ್ನ ತಿನ್ನುವವಳು ನಾನು. ಬೇರೆ ಯಾರೋ ಕಂಡುಹಿಡಿದು ಹೇಳುವ ಮೊದಲು ನಾನೇ ಹೇಳಿಬಿಡುವುದು ವಾಸಿ. ಕಾನೂನು ಬಿಗಿಯಾಗಬೇಕು ಎಂಬುದು ನನ್ನ ಅಭಿಪ್ರಾಯವೂ ಹೌದು, ಆದ್ದರಿಂದಲೇ ಈ ಕರಡು ಕಂಡು ಹೊಟ್ಟೆ ಉರಿಯಿತು.

ಮೊದಲು ಸೀಸ. ಅಮೆರಿಕದ ಆಹಾರ ಮತ್ತು ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ 400 ಲಿಪ್‌ಸ್ಟಿಕ್‌ಗಳನ್ನು ಪರೀಕ್ಷಿಸಿದಾಗ ಸರಾಸರಿ 1.11 ಪಿಪಿಎಂ, ಅತಿ ಹೆಚ್ಚೆಂದರೆ 7.19 ಪಿಪಿಎಂ ಸೀಸ ಸಿಕ್ಕಿತು. ಪಿಪಿಎಂ ಎಂದರೆ ಹತ್ತು ಲಕ್ಷ ಭಾಗಗಳಲ್ಲಿ ಒಂದು ಭಾಗ. ಮಿಠಾಯಿಗೆ ಅದೇ ಸಂಸ್ಥೆ ಸೂಚಿಸಿರುವ ಮಿತಿ 0.1. ನಿಮ್ಮ ಗುಣಾಕಾರ ಸರಿಯಾಗಿದೆ, ಹೋಲಿಕೆ ತಪ್ಪಾಗಿದೆ. ಮಿಠಾಯಿಯನ್ನು ಮಗು ಹಿಡಿಗಟ್ಟಲೆ ತಿನ್ನುತ್ತದೆ. ತುಟಿಯ ಬಣ್ಣ ಹೊಟ್ಟೆ ಸೇರುವುದು ಚೂರುಪಾರು. ಪ್ರತಿವಾದಿ ಇದೊಂದನ್ನು ಹಿಡಿದರೆ ಸಾಕು, ನಿಮ್ಮ ಉಳಿದ ನಿಜಗಳೂ ಸುಳ್ಳಿನಂತೆ ಕೇಳಿಸುತ್ತವೆ. ಬದಲಿಗೆ ಹೀಗೆ ಕೇಳಿ: ಸೀಸವನ್ನು ಯಾರೂ ಬೇಕೆಂದು ಬೆರೆಸುವುದಿಲ್ಲ, ಖನಿಜ ಮೂಲದ ಬಣ್ಣಗಳಿಗೆ ಅಂಟಿಕೊಂಡು ಬರುತ್ತದೆ. ಸರಾಸರಿ 1ರ ಆಸುಪಾಸಿನಲ್ಲಿ ಇರಿಸಲು ಉದ್ಯಮಕ್ಕೆ ಸಾಧ್ಯವಿರುವಾಗ ಕೆಲವು ಮಾತ್ರ 7ಕ್ಕೆ ಏರಲು ಏಕೆ ಬಿಡಬೇಕು? ಈ ಪ್ರಶ್ನೆಗೆ ಉತ್ತರ ಹೇಳುವುದು ಕಷ್ಟ.

1,600 ಎದುರು 11. ಈ ಹೋಲಿಕೆ ಎಲ್ಲೆಲ್ಲೂ ಓಡಾಡುತ್ತದೆ, ಪಟ್ಟಿಯನ್ನು ತೆರೆದು ಓದಿದವರು ಮಾತ್ರ ಕಡಿಮೆ. ಐರೋಪ್ಯ ಪಟ್ಟಿಯಲ್ಲಿ ಸ್ಟ್ರಿಕ್ನೀನ್ ಎಂಬ ಕಡುವಿಷ ಇದೆ, ಬಾಣದ ಮೊನೆಗೆ ಸವರುತ್ತಿದ್ದ ಕ್ಯುರಾರೆ ಇದೆ, ಆ್ಯಂಟಿಬಯೋಟಿಕ್‌ಗಳಿವೆ. ಅಮೆರಿಕದ ಪಟ್ಟಿಯಲ್ಲಿ ಕ್ಯುರಾರೆ ಇಲ್ಲವೆಂದು ಅಲ್ಲಿ ಯಾರೂ ಅದನ್ನು ಕಣ್ಣಿನ ಬಣ್ಣಕ್ಕೆ ಬೆರೆಸುತ್ತಿಲ್ಲ. ಪಟ್ಟಿಯ ಉದ್ದವನ್ನು ಅಳೆದು ಸುರಕ್ಷತೆಯನ್ನು ಹೇಳುವುದು, ಬೀಗದ ಕೈಗಳ ಗೊಂಚಲನ್ನು ತೂಗಿ ಮನೆಯಲ್ಲಿರುವ ಬಂಗಾರವನ್ನು ಅಂದಾಜು ಮಾಡಿದ ಹಾಗೆ.

ನಿಜವಾದ ವ್ಯತ್ಯಾಸ ಬೇರೆ ಕಡೆ ಇದೆ. ಯುರೋಪಿನಲ್ಲಿ 2013ರ ಜುಲೈನಿಂದ ಜಾರಿಯಲ್ಲಿರುವ ನಿಯಮದಂತೆ ಪ್ರತಿ ಉತ್ಪನ್ನಕ್ಕೂ ಹೆಸರು, ವಿಳಾಸ ಇರುವ ‘ಹೊಣೆಗಾರ’ರೊಬ್ಬರು ಇರಲೇಬೇಕು. ಅರ್ಹರೊಬ್ಬರು ಸುರಕ್ಷತಾ ವರದಿ ಬರೆದು ಸಹಿ ಮಾಡದೆ ಅದು ಮಾರುಕಟ್ಟೆಗೆ ಹೋಗುವಂತಿಲ್ಲ. ಅಮೆರಿಕದಲ್ಲಿ 2022ರ ಡಿಸೆಂಬರ್‌ನಲ್ಲಿ ಹೊಸ ಕಾನೂನು ಬರುವವರೆಗೆ, ಒಂದು ಕ್ರೀಮು ಹಾನಿ ಮಾಡುತ್ತಿದೆ ಎಂದು ಗೊತ್ತಾದರೂ ‘ಹಿಂದಕ್ಕೆ ಪಡೆಯಿರಿ’ ಎಂದು ಕಂಪನಿಗೆ ಆಜ್ಞೆ ಮಾಡುವ ಅಧಿಕಾರ ಎಫ್‌ಡಿಎಗೆ ಇರಲಿಲ್ಲ. ವಿನಂತಿ ಮಾಡಬಹುದಿತ್ತು, ಇಲ್ಲವೇ ನ್ಯಾಯಾಲಯದ ಮೆಟ್ಟಿಲು ಹತ್ತಬಹುದಿತ್ತು. ಸೌಂದರ್ಯವರ್ಧಕಗಳು ಅಲ್ಲಿಯ ಕಾನೂನಿನ ಕೆಳಗೆ ಬಂದದ್ದು 1938ರಲ್ಲಿ. ಲೆಕ್ಕ ಹಾಕಿ, 84 ವರ್ಷ. ಹನ್ನೊಂದು ಎಂಬ ಸಂಖ್ಯೆಗಿಂತ ಇದು ದಿಗಿಲು ಹುಟ್ಟಿಸುವಂಥದ್ದು, ಮೇಲಾಗಿ ಯಾರೂ ಅಲ್ಲಗಳೆಯಲಾಗದು.

ಇನ್ನು ಕ್ಯಾನ್ಸರ್. 2022ರಲ್ಲಿ ಪ್ರಕಟವಾದ ಆ ಅಮೆರಿಕನ್ ಅಧ್ಯಯನದಲ್ಲಿ 33,497 ಮಹಿಳೆಯರನ್ನು ಸುಮಾರು 11 ವರ್ಷ ಗಮನಿಸಿದ್ದರು. ಕೂದಲು ನೇರ ಮಾಡುವ ರಾಸಾಯನಿಕವನ್ನು ಎಂದೂ ಬಳಸದವರಲ್ಲಿ 70 ವರ್ಷ ತುಂಬುವುದರೊಳಗೆ ಗರ್ಭಕೋಶದ ಕ್ಯಾನ್ಸರ್ ಬರುವ ಅಂದಾಜು ಶೇಕಡಾ 1.64. ವರ್ಷಕ್ಕೆ ನಾಲ್ಕಕ್ಕಿಂತ ಹೆಚ್ಚು ಸಲ ಬಳಸಿದವರಲ್ಲಿ ಶೇಕಡಾ 4.05. ‘ಎರಡೂವರೆ ಪಟ್ಟು’ ನಿಜ. ‘ನೂರರಲ್ಲಿ ಇಬ್ಬರ ಜಾಗದಲ್ಲಿ ನಾಲ್ವರು’ ಎಂಬುದೂ ಅದೇ ನಿಜ. ಎರಡನ್ನೂ ಹೇಳಿ. ಯಾವ ಕಂಪನಿಯದು, ಅದರಲ್ಲಿ ಏನೇನಿತ್ತು ಎಂದು ಆ ಅಧ್ಯಯನ ಕೇಳಿರಲಿಲ್ಲ. ಸಂಬಂಧ ಕಂಡಿದೆ, ಕಾರಣ ಸಾಬೀತಾಗಿಲ್ಲ. ಇದನ್ನು ಮುಚ್ಚಿಟ್ಟರೆ ಎದುರಿನವರು ತೆರೆದು ತೋರಿಸುತ್ತಾರೆ.

ಎರಡನೇ ಬೆಂಚು

ಹಾಗಾದರೆ ಉಳಿದದ್ದು ‘ತಾಯಂದಿರೇ’ ಒಂದೇ.

ಹಳೆಯ ಸೀಮೆಸುಣ್ಣ

ಅದನ್ನೂ ತೆಗೆಯಿರಿ.

ಕತ್ತರಿ ಬಾಚಣಿಗೆ

ಹದಿನಾಲ್ಕು ವರ್ಷದಿಂದ ಕೂದಲಿನ ಕೆಲಸ ಮಾಡುತ್ತಿದ್ದೇನೆ. ನೀವೆಲ್ಲ ಹಚ್ಚಿಸಿಕೊಳ್ಳುವವರ ಬಗ್ಗೆಯೇ ಮಾತನಾಡುತ್ತಿದ್ದೀರಿ, ಹಚ್ಚುವವರ ಬಗ್ಗೆ ಒಂದು ಮಾತೂ ಇಲ್ಲ. ಗ್ರಾಹಕಿ ವರ್ಷಕ್ಕೆ ಎರಡು ಸಲ ಬರುತ್ತಾಳೆ. ನಾನು ಕೆಲವು ದಿನ ಮೂರು ತಲೆ ಮಾಡುತ್ತೇನೆ. ಬಿಸಿ ಇಸ್ತ್ರಿ ಎಳೆದಾಗ ಏಳುವ ಹೊಗೆ ಅವಳ ಬೆನ್ನ ಹಿಂದೆ ಇರುತ್ತದೆ, ನನ್ನ ಮೂಗಿನ ಕೆಳಗೆ ಇರುತ್ತದೆ.

ನಾನು ಹಿಂದೆ ಕೆಲಸ ಮಾಡುತ್ತಿದ್ದ ಜಾಗದಲ್ಲಿ ಒಂದು ಡಬ್ಬಿ ಇತ್ತು. ಮೇಲೆ ದಪ್ಪ ಅಕ್ಷರದಲ್ಲಿ ‘ಫಾರ್ಮಾಲ್ಡಿಹೈಡ್ ಮುಕ್ತ’ ಎಂದಿತ್ತು. ಅದನ್ನು ಬಳಸಿದ ದಿನ ಕಣ್ಣಿನಲ್ಲಿ ಖಾರ ಬಿದ್ದಂತಾಗುತ್ತಿತ್ತು, ಗಂಟಲು ಕಟ್ಟುತ್ತಿತ್ತು. ಮಾಲೀಕರಿಗೆ ಹೇಳಿದರೆ ‘ಡಬ್ಬಿ ಓದು’ ಎನ್ನುತ್ತಿದ್ದರು. ಓದುತ್ತಿದ್ದೆ. ‘ಮೀಥಿಲೀನ್ ಗ್ಲೈಕಾಲ್’ ಎಂದಿತ್ತು. ಅದೇನೆಂದು ನನಗೆ ಹೇಗೆ ತಿಳಿಯಬೇಕು?

ಬೀಕರ್

ಫಾರ್ಮಾಲ್ಡಿಹೈಡ್ ಒಂದು ಅನಿಲ. ನೀರಿನಲ್ಲಿ ಕರಗಿದಾಗ ಅದು ಬಹುಪಾಲು ಮೀಥಿಲೀನ್ ಗ್ಲೈಕಾಲ್ ಆಗುತ್ತದೆ, ಇಸ್ತ್ರಿಯ ಬಿಸಿ ತಾಗಿದ ಕೂಡಲೇ ಮತ್ತೆ ಅನಿಲವಾಗಿ ಹೊರಬರುತ್ತದೆ. ವೇಷ ಬದಲಾಗಿದೆ, ಆಸಾಮಿ ಅದೇ. 2010 ಮತ್ತು 2011ರಲ್ಲಿ ಅಮೆರಿಕದ ಕಾರ್ಮಿಕ ಸುರಕ್ಷತಾ ಅಧಿಕಾರಿಗಳು ಇಂಥ ‘ಮುಕ್ತ’ ಎಂಬ ಚೀಟಿ ಹೊತ್ತ ಉತ್ಪನ್ನಗಳಲ್ಲೇ ಫಾರ್ಮಾಲ್ಡಿಹೈಡ್ ಇರುವುದನ್ನು ಕಂಡುಹಿಡಿದು ಎಚ್ಚರಿಕೆ ಹೊರಡಿಸಿದ್ದರು. ಉಸಿರಿನ ಮೂಲಕ ಒಳಹೋಗುವ ಫಾರ್ಮಾಲ್ಡಿಹೈಡ್ ಮನುಷ್ಯರಲ್ಲಿ ಕ್ಯಾನ್ಸರ್ ತರುತ್ತದೆ ಎಂಬುದರಲ್ಲಿ ವಿವಾದವಿಲ್ಲ.

ಹಳೆಯ ಸೀಮೆಸುಣ್ಣ

ಎರಡನೇ ಬೆಂಚಿನವರೇ, ನಿಮ್ಮ ಪೇಥೋಸ್ ಇಲ್ಲಿದೆ. ಮೇಲಿನ ಆ ‘ಓದುತ್ತಿದ್ದೆ’ ಎಂಬ ಒಂದು ಪದವನ್ನು ನೋಡಿ. ನಿಮ್ಮ ಆಶ್ಚರ್ಯಸೂಚಕ ಚಿಹ್ನೆಗಳಿಗಿಂತ ಅದಕ್ಕೆ ಹೆಚ್ಚು ಬಲವಿದೆ. ಓದಲು ಬಲ್ಲ, ಓದಿದ ವ್ಯಕ್ತಿಯನ್ನೇ ಡಬ್ಬಿ ಮೋಸ ಮಾಡಿದೆ. ‘ನೋಡಿಕೊಂಡು ಕೊಳ್ಳಿ, ಕಾನೂನು ಏಕೆ’ ಎಂಬ ವಾದಕ್ಕೆ ಇದಕ್ಕಿಂತ ಒಳ್ಳೆಯ ಉತ್ತರ ಸಿಗದು. ಭಾವ, ತರ್ಕ, ಮಾತನಾಡುವವರ ಅನುಭವ ಒಂದೇ ಕಡೆ ಕೂಡಿವೆ. ಇವು ಮೂರು ಬೇರೆ ಬೇರೆ ಡಬ್ಬಿಗಳಲ್ಲಿ ಬರುವ ಸರಕಲ್ಲ, ಪಠ್ಯಪುಸ್ತಕಗಳು ಹಾಗೆ ಜೋಡಿಸಿಟ್ಟಿವೆ ಅಷ್ಟೇ.

ಗುಳ್ಳೆ

ಒಬ್ಬರಾದರೂ ವಿರೋಧಿಸಬೇಕಲ್ಲ, ನಾನು ವಿರೋಧಿಸುತ್ತೇನೆ. ಮನೆಯಲ್ಲೇ ಸಾಬೂನು, ತುಟಿಯ ಮುಲಾಮು ಮಾಡಿ ಮಾರುತ್ತೇನೆ. ನೀವು ಕೇಳುವ ಸುರಕ್ಷತಾ ವರದಿ, ನೋಂದಣಿ, ತಪಾಸಣೆ ಎಲ್ಲ ಬಂದರೆ ದೊಡ್ಡ ಕಂಪನಿ ನಾಲ್ಕು ಜನ ವಕೀಲರನ್ನು ಇಟ್ಟುಕೊಳ್ಳುತ್ತದೆ. ನನ್ನಂಥವರು ಅಂಗಡಿ ಮುಚ್ಚುತ್ತೇವೆ. ಆನೆ ನಡೆದದ್ದೇ ದಾರಿ. ನಾನು ಬಳಸುವುದು ಎಣ್ಣೆ, ಜೇನುಮೇಣ, ಹೂವಿನ ಸಾರ. ಇದರಲ್ಲಿ ಯಾವ ರಾಸಾಯನಿಕವಿದೆ?

ಇನ್ನೊಂದು ಮಾತು. ಭಯದ ಭಾಷಣಗಳಿಂದ ಲಾಭವಾಗಿರುವುದೂ ನನ್ನಂಥವರಿಗೇ. ‘ರಾಸಾಯನಿಕ ಮುಕ್ತ’ ಎಂದು ಬರೆದರೆ ಹೆಚ್ಚು ಬೆಲೆಗೆ ಹೋಗುತ್ತದೆ. ನಾನೂ ಬರೆದಿದ್ದೆ, ಸುಳ್ಳು ಹೇಳುವುದಿಲ್ಲ.

ಬೀಕರ್

ಕೊನೆಯ ಸಾಲಿಗೆ ನಮಸ್ಕಾರ. ಆದರೆ ಹೂವಿನ ಸಾರದಲ್ಲಿ ಇರುವುದೆಲ್ಲ ರಾಸಾಯನಿಕವೇ. ಸುಗಂಧದಲ್ಲಿ ಅಲರ್ಜಿ ತರಬಲ್ಲ 26 ವಸ್ತುಗಳ ಹೆಸರನ್ನು ಚೀಟಿಯಲ್ಲಿ ಬರೆಯಬೇಕೆಂದು ಯುರೋಪಿನಲ್ಲಿ ಮೊದಲಿನಿಂದ ನಿಯಮವಿತ್ತು. 2023ರಲ್ಲಿ ಆ ಸಂಖ್ಯೆ 80 ದಾಟಿತು. ಅವುಗಳಲ್ಲಿ ಅನೇಕವು ಹೂವು, ತೊಗಟೆ, ಹಣ್ಣಿನ ಸಿಪ್ಪೆಯ ಎಣ್ಣೆಗಳಲ್ಲಿ ತಾವಾಗಿಯೇ ಇರುವಂಥವು.

ಸಣ್ಣ ತಯಾರಕರ ಪ್ರಶ್ನೆ ನ್ಯಾಯವಾದದ್ದು. ಅಮೆರಿಕದ 2022ರ ಕಾನೂನಿನಲ್ಲಿ ವಾರ್ಷಿಕ ಮಾರಾಟ ಸರಾಸರಿ 10 ಲಕ್ಷ ಡಾಲರಿಗಿಂತ ಕಡಿಮೆ ಇರುವವರಿಗೆ ಕಾರ್ಖಾನೆಯ ನೋಂದಣಿಯಿಂದ ವಿನಾಯಿತಿ ಇದೆ. ಆದರೆ ಕಣ್ಣಿನ ಒಳಪೊರೆಗೆ ತಾಗುವ, ಚುಚ್ಚಿ ಹಾಕುವ ಉತ್ಪನ್ನಗಳಿಗೆ ಆ ವಿನಾಯಿತಿ ಇಲ್ಲ. ಅಪಾಯ ಹೆಚ್ಚಿರುವ ಕಡೆ ಗಾತ್ರ ನೋಡುವುದಿಲ್ಲ, ಕಡಿಮೆ ಇರುವ ಕಡೆ ನೋಡುತ್ತದೆ.

ಗುಳ್ಳೆ

ಅರ್ಧ ಒಪ್ಪಿದೆ. ಉಳಿದರ್ಧಕ್ಕೆ ಆಮೇಲೆ ಬರುತ್ತೇನೆ.

ಮುಂಗೈ

ಸುಮ್ಮನೆ ಓದುತ್ತಿದ್ದೆ, ‘ಮುಕ್ತ’ ಎಂಬ ಪದ ಬಂದಾಗ ಸುಮ್ಮನಿರಲು ಆಗಲಿಲ್ಲ.

ಕ್ರೀಮು ಕೆಡದಂತೆ ಬೆರೆಸುವ ಪ್ಯಾರಾಬೆನ್‌ಗಳಿಂದ ಸ್ತನ ಕ್ಯಾನ್ಸರ್ ಬರುತ್ತದೆ ಎಂದು ಎಲ್ಲೋ ಓದಿ, ಹೆದರಿ, ಮನೆಯಲ್ಲಿದ್ದ ಎಲ್ಲ ಕ್ರೀಮುಗಳನ್ನು ಎಸೆದು ‘ಪ್ಯಾರಾಬೆನ್ ಮುಕ್ತ’ ಎಂಬುದನ್ನು ತಂದೆ. ಕೆಲವು ತಿಂಗಳಲ್ಲಿ ಎರಡೂ ಮುಂಗೈ ಕೆಂಪಾಗಿ, ಬಿರಿದು, ನೀರು ಸುರಿಯತೊಡಗಿತು. ರಾತ್ರಿ ನಿದ್ದೆಯಲ್ಲಿ ಕೆರೆದುಕೊಂಡು ಹಾಸಿಗೆಯಲ್ಲಿ ರಕ್ತ. ಚರ್ಮ ಒಣಗಿದೆ ಎಂದು ಅದೇ ಕ್ರೀಮನ್ನು ಇನ್ನಷ್ಟು ಹಚ್ಚುತ್ತಿದ್ದೆ! ಕೊನೆಗೆ ಬೆನ್ನಿಗೆ ಪಟ್ಟಿ ಅಂಟಿಸಿ ಪರೀಕ್ಷಿಸಿದಾಗ ತಿಳಿದದ್ದು ಮೀಥೈಲ್‌ಐಸೋಥಯಾಝೋಲಿನೋನ್ ಅಲರ್ಜಿ. ಪ್ಯಾರಾಬೆನ್ ತೆಗೆದ ಜಾಗಕ್ಕೆ ಹಾಕಿದ್ದ ಸಂರಕ್ಷಕ ಅದು. ಆ ಹೆಸರನ್ನು ಈಗ ನಿದ್ದೆಗಣ್ಣಿನಲ್ಲೂ ಬರೆಯಬಲ್ಲೆ. ಬಾಣಲೆಯಿಂದ ಬೆಂಕಿಗೆ ಬೀಳುವುದು ಎಂದರೇನೆಂದು ನನ್ನ ಕೈಗಳನ್ನು ಕೇಳಿ.

ಬೀಕರ್

ನೀವು ಒಬ್ಬರೇ ಅಲ್ಲ, ಆ ಕಾಲದಲ್ಲಿ ಇದು ಒಂದು ಪಿಡುಗೇ ಆಗಿತ್ತು. ಪ್ಯಾರಾಬೆನ್ ಭಯಕ್ಕೆ ಮೂಲ 2004ರ ಒಂದು ಸಣ್ಣ ಅಧ್ಯಯನ. ಸ್ತನದ ಗಡ್ಡೆಗಳಲ್ಲಿ ಪ್ಯಾರಾಬೆನ್ ಸಿಕ್ಕಿದೆ ಎಂದಿತ್ತು. ಆರೋಗ್ಯವಂತ ಅಂಗಾಂಶದಲ್ಲೂ ಇದೆಯೇ ಎಂದು ಹೋಲಿಸಿರಲಿಲ್ಲ. ಕ್ಯಾನ್ಸರ್‌ಗೆ ಅದೇ ಕಾರಣವೆಂದು ಅದನ್ನು ಬರೆದವರೂ ಹೇಳಿರಲಿಲ್ಲ. ಆದರೆ ಭಯಕ್ಕೆ ಅಷ್ಟು ತಾಳ್ಮೆ ಇರುವುದಿಲ್ಲ. 2005ರಲ್ಲಿ ಯುರೋಪು ಮೀಥೈಲ್‌ಐಸೋಥಯಾಝೋಲಿನೋನ್ ಅನ್ನು 100 ಪಿಪಿಎಂವರೆಗೆ ಬೇರೆ ಸಂರಕ್ಷಕದ ಜೊತೆಯಿಲ್ಲದೆ ಒಂಟಿಯಾಗಿ ಬಳಸಲು ಬಿಟ್ಟಿತ್ತು. ಪ್ಯಾರಾಬೆನ್‌ನಿಂದ ಓಡಿಬಂದ ಕಂಪನಿಗಳೆಲ್ಲ ಅದಕ್ಕೆ ಮುಗಿಬಿದ್ದವು. 2013ರಲ್ಲಿ ಅಮೆರಿಕದ ಸಂಪರ್ಕ ಚರ್ಮರೋಗ ತಜ್ಞರ ಸಂಘ ಅದನ್ನು ‘ವರ್ಷದ ಅಲರ್ಜಿಕಾರಕ’ ಎಂದು ಹೆಸರಿಸಿತು. ಹಚ್ಚಿ ಬಿಡುವ ಕ್ರೀಮುಗಳಲ್ಲಿ ಅದನ್ನು ಯುರೋಪು 2017ರ ಹೊತ್ತಿಗೆ ನಿಷೇಧಿಸಿತು, ತೊಳೆದುಹೋಗುವ ಶಾಂಪೂಗಳಲ್ಲಿ 15 ಪಿಪಿಎಂಗೆ ಇಳಿಸಿತು. ತಮಾಷೆಯೆಂದರೆ ಅದೇ ಸಂಘ 2019ರಲ್ಲಿ ಪ್ಯಾರಾಬೆನ್‌ಗಳಿಗೆ ‘ವರ್ಷದ ಅಲರ್ಜಿಯಲ್ಲದ ವಸ್ತು’ ಎಂಬ ಬಿರುದು ಕೊಟ್ಟಿತು.

ಪ್ಯಾರಾಬೆನ್‌ಗಳೆಲ್ಲ ನಿರ್ದೋಷಿಗಳು ಎಂದು ಹೇಳುತ್ತಿಲ್ಲ. ಐದು ಬಗೆಯವನ್ನು ಯುರೋಪು 2014ರಲ್ಲಿ ನಿಷೇಧಿಸಿದೆ. ಹಾನಿ ಸಾಬೀತಾಯಿತು ಎಂದಲ್ಲ, ಸುರಕ್ಷಿತವೆಂದು ತೋರಿಸುವ ಮಾಹಿತಿಯನ್ನು ಉದ್ಯಮ ಒದಗಿಸಲಿಲ್ಲ ಎಂದು. ಕಾನೂನು ಕೆಲಸ ಮಾಡಬೇಕಾದ್ದು ಹೀಗೆಯೇ: ಸಾಬೀತು ಮಾಡುವ ಭಾರ ಮಾರುವವರ ಹೆಗಲ ಮೇಲೆ.

ಎರಡನೇ ಬೆಂಚು

ಹಾಗಾದರೆ ಮುಂಗೈಯವರ ಕಥೆ ನನ್ನ ಪಕ್ಷಕ್ಕೆ ಸಾಕ್ಷಿಯೋ, ಎದುರು ಪಕ್ಷಕ್ಕೋ? ಭಯ ಹುಟ್ಟಿಸಿದ್ದರಿಂದಲೇ ಅವರಿಗೆ ಹಾನಿಯಾಯಿತಲ್ಲ.

ಮುಂಗೈ

ನಿಮ್ಮ ಪಕ್ಷಕ್ಕೆ. ಆ ಹೊಸ ವಸ್ತುವನ್ನು ಅಷ್ಟು ಪ್ರಮಾಣದಲ್ಲಿ ಬಿಡುವ ಮೊದಲು ಸರಿಯಾಗಿ ಪರೀಕ್ಷಿಸಿದ್ದರೆ ನನ್ನ ಕೈ ಚೆನ್ನಾಗಿರುತ್ತಿತ್ತು. ನನ್ನನ್ನು ಕಾಯಬೇಕಾದ್ದು ನಿಯಮ, ಆ ಜಾಗದಲ್ಲಿ ನನ್ನ ಭಯ ಬಂದು ಕುಳಿತಿತ್ತು. ಬೇಕಾದರೆ ನನ್ನ ಕಥೆ ಬಳಸಿಕೊಳ್ಳಿ, ‘ಪಾಪ’ ಎಂಬ ಪದ ಮಾತ್ರ ಬೇಡ.

ಹಳೆಯ ಸೀಮೆಸುಣ್ಣ

ಇಷ್ಟು ಹೊತ್ತು ಪೇಥೋಸ್‌ಗೆ ಛೀಮಾರಿ ಹಾಕಿದ್ದೇವೆ. ಅದು ಇಲ್ಲದೆ ಯಾವ ಕಾನೂನೂ ಬಂದಿಲ್ಲ ಎಂಬುದನ್ನೂ ನೆನಪಿಸುತ್ತೇನೆ.

ಅಮೆರಿಕದ 1906ರ ಕಾನೂನಿನಲ್ಲಿ ಆಹಾರ, ಔಷಧಗಳಿದ್ದವು, ಸೌಂದರ್ಯವರ್ಧಕಗಳಿರಲಿಲ್ಲ. 1933ರ ಹೊತ್ತಿಗೆ ‘ಲ್ಯಾಷ್ ಲೂರ್’ ಎಂಬ ರೆಪ್ಪೆಯ ಬಣ್ಣ ಮಾರಾಟದಲ್ಲಿತ್ತು. ಕೂದಲಿನ ಬಣ್ಣದಲ್ಲಿ ಬಳಸುವ ಪ್ಯಾರಾಫಿನೈಲೀನ್‌ಡೈಅಮೀನ್ ಅದರಲ್ಲಿತ್ತು. ಬ್ಯೂಟಿ ಪಾರ್ಲರ್‌ಗೆ ಹೋಗಿ ಅದನ್ನು ಹಚ್ಚಿಸಿಕೊಂಡ ಮಹಿಳೆಯೊಬ್ಬರ ದೃಷ್ಟಿ ಹೋಯಿತು. ಅದನ್ನು ತಡೆಯುವ ಅಧಿಕಾರ ಎಫ್‌ಡಿಎಗೆ ಇರಲಿಲ್ಲ. ಅಧಿಕಾರಿಗಳು ಏನು ಮಾಡಿದರು ಗೊತ್ತೇ? ಪ್ರದರ್ಶನ ಏರ್ಪಡಿಸಿದರು. ಬಣ್ಣ ಹಚ್ಚುವ ಮೊದಲಿನ ಮುಖ, ಹಚ್ಚಿದ ಮೇಲಿನ ಮುಖ, ಎರಡು ಫೋಟೋ. ಪತ್ರಿಕೆಯವರು ಅದನ್ನು ‘ಭೀಕರ ಕೋಣೆ’ ಎಂದು ಕರೆದರು. ಅಧ್ಯಕ್ಷರ ಪತ್ನಿ ಎಲೀನರ್ ರೂಸ್‌ವೆಲ್ಟ್ ಕೂಡ ಅದನ್ನು ನೋಡಿದ್ದರು.

ಅಷ್ಟಾದರೂ ಕಾನೂನು ಬರಲು ಐದು ವರ್ಷ ಹಿಡಿಯಿತು. 1937ರಲ್ಲಿ ಸಲ್ಫನಿಲಮೈಡ್ ಔಷಧಿಯನ್ನು ಡೈಈಥಿಲೀನ್ ಗ್ಲೈಕಾಲ್ ಎಂಬ ವಿಷದ್ರವದಲ್ಲಿ ಕರಗಿಸಿ ಮಾರಿದ ಕಂಪನಿಯೊಂದರಿಂದ ನೂರಕ್ಕೂ ಹೆಚ್ಚು ಜನ ಸತ್ತರು, ಅವರಲ್ಲಿ ಮಕ್ಕಳು ಅನೇಕರು. ಹಾಕಲು ಸಾಧ್ಯವಾದ ಆರೋಪ ಏನೆಂದುಕೊಂಡಿರಿ? ‘ಎಲಿಕ್ಸರ್’, ಅಂದರೆ ಆಲ್ಕೋಹಾಲ್‌ನಲ್ಲಿ ಕರಗಿಸಿದ ಔಷಧಿ, ಎಂದು ಹೆಸರಿಟ್ಟಿದ್ದೀರಿ, ಅದರಲ್ಲಿ ಆಲ್ಕೋಹಾಲ್ ಇಲ್ಲವಲ್ಲ, ಹೆಸರು ತಪ್ಪು ಎಂದು! ಆ ನಾಚಿಕೆಯಿಂದ 1938ರ ಕಾನೂನು ಹುಟ್ಟಿತು.

ಈಗ ಮುಖ್ಯ ಸಂಗತಿ. ಕಣ್ಣು ಹೋದ ಫೋಟೋ ತೋರಿಸಿ ತಂದ ಅದೇ ಕಾನೂನಿನಲ್ಲಿ, ಕೋಲ್‌ಟಾರ್ (ಕಲ್ಲಿದ್ದಲಿನ ಡಾಂಬರು) ಮೂಲದ, ಲ್ಯಾಷ್ ಲೂರ್‌ನಲ್ಲಿದ್ದಂಥ ಕೂದಲಿನ ಬಣ್ಣಗಳಿಗೆ ವಿನಾಯಿತಿ ಸೇರಿಕೊಂಡಿತು. ‘ರೆಪ್ಪೆಗೆ, ಹುಬ್ಬಿಗೆ ಹಚ್ಚಬೇಡಿ, ಕುರುಡಾಗಬಹುದು’ ಎಂಬ ಎಚ್ಚರಿಕೆ ಬರೆದರೆ ಸಾಕಿತ್ತು. ಫೋಟೋ ಕದ ತೆರೆಸಿತು. ಒಳಗೆ ಕುಳಿತು ಕಲಮು ಬರೆಯುವಾಗ ಫೋಟೋ ಹೊರಗೇ ಉಳಿಯಿತು.

ಗುಳ್ಳೆ

ಉಳಿದರ್ಧಕ್ಕೆ ಬಂದಿದ್ದೇನೆ. ಚರ್ಮ ಬೆಳ್ಳಗೆ ಮಾಡುವ ಕ್ರೀಮುಗಳಲ್ಲಿನ ಪಾದರಸವನ್ನೇ ತೆಗೆದುಕೊಳ್ಳಿ. ಅದು ಈಗಾಗಲೇ ನಿಷಿದ್ಧ. ಪಾದರಸದ ಬಳಕೆ ತಗ್ಗಿಸುವ ಅಂತರರಾಷ್ಟ್ರೀಯ ಮಿನಾಮಾಟ ಒಪ್ಪಂದ 2017ರಲ್ಲೇ ಜಾರಿಗೆ ಬಂತು, 1 ಪಿಪಿಎಂಗಿಂತ ಹೆಚ್ಚು ಪಾದರಸವಿರುವ ಸೌಂದರ್ಯವರ್ಧಕಗಳನ್ನು 2020ರೊಳಗೆ ನಿಲ್ಲಿಸಬೇಕಿತ್ತು. 2023ರ ಸಭೆಯಲ್ಲಿ ಆ 1 ಪಿಪಿಎಂ ರಿಯಾಯಿತಿಯನ್ನೂ ತೆಗೆದುಹಾಕಿದರು. ಆದರೂ ಆನ್‌ಲೈನ್‌ನಲ್ಲಿ ಸಿಗುತ್ತದೆ. ಇರುವ ನಿಯಮವನ್ನೇ ಯಾರೂ ಪಾಲಿಸದಿರುವಾಗ ಇನ್ನೊಂದು ನಿಯಮ ಬರೆದರೆ ಪಾಲಿಸುವವರು ನನ್ನಂಥ ಹೆದರುಪುಕ್ಕಲರು ಮಾತ್ರ.

ಬೀಕರ್

ಇದಕ್ಕೆ ನನ್ನ ಬಳಿ ಜಾಣ ಉತ್ತರವಿಲ್ಲ, ನೀವು ಹೇಳಿದ್ದು ಸರಿ. ಒಂದು ಸೇರಿಸುತ್ತೇನೆ. ಪಾದರಸ ಮೂತ್ರಪಿಂಡವನ್ನು ಕೆಡಿಸುತ್ತದೆ, ಅದೂ ಹಚ್ಚಿಕೊಂಡವರದ್ದಷ್ಟೇ ಅಲ್ಲ. ಟವೆಲ್, ದಿಂಬು, ಅಪ್ಪುಗೆಯ ಮೂಲಕ ಮನೆಯ ಮಗುವಿನ ಮೈ ಸೇರುತ್ತದೆ. ‘ಅವರ ಚರ್ಮ, ಅವರ ಆಯ್ಕೆ’ ಎಂಬ ವಾದ ಅಲ್ಲಿಗೆ ಬಿದ್ದುಹೋಗುತ್ತದೆ.

ಹಳೆಯ ಸೀಮೆಸುಣ್ಣ

ಎರಡನೇ ಬೆಂಚಿನವರೇ, ಗುಳ್ಳೆಯವರ ಮಾತೇ ನಿಮ್ಮ ಪೂರ್ವಪಕ್ಷ. ಅದನ್ನು ಅವರಷ್ಟೇ ಚೆನ್ನಾಗಿ ನೀವೇ ಮಂಡಿಸಿ, ಆಮೇಲೆ ಉತ್ತರಿಸಿ. ಈಥೋಸ್ ಬೇಕೆಂದಿರಲ್ಲ, ಅದು ಬರುವ ದಾರಿ ಇದೇ. ಮತ್ತೊಂದು: ‘ಬಿಗಿಯಾಗಬೇಕು’ ಎಂಬುದು ಬೇಡಿಕೆಯಲ್ಲ, ನಿಟ್ಟುಸಿರು. ಯಾರು, ಏನನ್ನು, ಯಾವಾಗ ಮಾಡಬೇಕು ಎಂದು ಹೇಳಿ.

ಎರಡನೇ ಬೆಂಚು

ಎರಡು ದಿನ ಕುಳಿತು ಹೊಸದಾಗಿ ಬರೆದಿದ್ದೇನೆ. ಆರಂಭ ಮತ್ತು ಕೊನೆಯ ಭಾಗ ಮಾತ್ರ ಇಲ್ಲಿ ಹಾಕುತ್ತೇನೆ.

“ನಿಮ್ಮ ಬಳಿ ಇರುವ ಡಬ್ಬಿಗಳಲ್ಲಿ ಹೆಚ್ಚಿನವು ನಿಮಗೆ ಏನೂ ಮಾಡುವುದಿಲ್ಲ. ನಾನು ಮಾತನಾಡಲು ಬಂದಿರುವುದು ಉಳಿದವುಗಳ ಬಗ್ಗೆ. ಕೂದಲಿನ ಕೆಲಸ ಮಾಡುವ ಒಬ್ಬರು ನನಗೆ ಹೇಳಿದರು: ಡಬ್ಬಿಯ ಮೇಲೆ ‘ಫಾರ್ಮಾಲ್ಡಿಹೈಡ್ ಮುಕ್ತ’ ಎಂದಿತ್ತು, ಕಣ್ಣು ಉರಿಯುತ್ತಿತ್ತು. ‘ಓದು’ ಎಂದರು, ಅವರು ಓದಿದರು. ಅಲ್ಲಿದ್ದದ್ದು ಅದೇ ವಸ್ತುವಿನ ಇನ್ನೊಂದು ಹೆಸರು…

ನಿಷೇಧವಿದ್ದರೂ ಪಾದರಸ ಸಿಗುತ್ತದೆ, ಹೊಸ ನಿಯಮದಿಂದ ಪ್ರಾಮಾಣಿಕರಿಗಷ್ಟೇ ತೊಂದರೆ ಎಂದು ನನ್ನ ಎದುರಾಳಿಗಳು ಹೇಳುತ್ತಾರೆ. ಅವರ ಮಾತಿನ ಮೊದಲರ್ಧ ನಿಜ. ಆದ್ದರಿಂದ ನಾನು ಉದ್ದನೆಯ ನಿಷೇಧ ಪಟ್ಟಿಯನ್ನು ಕೇಳುತ್ತಿಲ್ಲ. ಮೂರನ್ನು ಕೇಳುತ್ತೇನೆ. ಮಾರುವ ಮೊದಲು, ಇದು ಸುರಕ್ಷಿತ ಎಂದು ಹೆಸರು ಹಾಕಿ ಸಹಿ ಮಾಡುವ ಒಬ್ಬ ಮನುಷ್ಯ. ಯಾವುದೇ ಹಾನಿಯಾದರೆ ಹದಿನೈದು ಕೆಲಸದ ದಿನಗಳೊಳಗೆ ಸರ್ಕಾರಕ್ಕೆ ವರದಿ. ಆನ್‌ಲೈನ್ ಮಾರಾಟಗಾರನಿಗೂ ಅಂಗಡಿಯವನಷ್ಟೇ ಹೊಣೆ.”

ಬೀಕರ್

ಹದಿನೈದು ದಿನದ ವರದಿ ಅಮೆರಿಕದ 2022ರ ಕಾನೂನಿನಲ್ಲಿರುವುದು ‘ಗಂಭೀರ’ ಹಾನಿಗೆ ಮಾತ್ರ. ‘ಯಾವುದೇ’ ಎಂಬುದನ್ನು ಬದಲಿಸಿ. ಒಂದು ಮೊಡವೆಗೆಲ್ಲ ವರದಿ ಬರೆಯುತ್ತಾ ಕುಳಿತರೆ ನಿಜವಾದ ಹಾನಿ ಆ ಕಾಗದಗಳ ಅಡಿಯಲ್ಲಿ ಹೂತುಹೋಗುತ್ತದೆ.

ಗುಳ್ಳೆ

ನಾನು ಎದುರು ಪಕ್ಷದಲ್ಲಿದ್ದಿದ್ದರೆ ಆ ‘ಯಾವುದೇ’ ಪದವನ್ನೇ ಹಿಡಿಯುತ್ತಿದ್ದೆ. ಈಗ ಬೇರೆ ಏನಾದರೂ ಹುಡುಕಬೇಕು. ಅಂದ ಹಾಗೆ ‘ರಾಸಾಯನಿಕ ಮುಕ್ತ’ ಚೀಟಿಗಳು ಇನ್ನೂ ಇನ್ನೂರು ಉಳಿದಿವೆ, ಹಿಂಬದಿಯಲ್ಲಿ ಲೆಕ್ಕ ಬರೆಯುತ್ತಿದ್ದೇನೆ.

ಎರಡನೇ ಬೆಂಚು

ಪದ ಬದಲಿಸಿದೆ. ಗಡಿಯಾರ ಇಟ್ಟು ಓದಿದರೆ ಐದು ನಿಮಿಷ ಇಪ್ಪತ್ತು ಸೆಕೆಂಡು ಆಗುತ್ತಿದೆ. ಎಲ್ಲಿ ಕತ್ತರಿಸಲಿ?

ಕತ್ತರಿ ಬಾಚಣಿಗೆ

ನನ್ನ ಕಥೆಯಲ್ಲಿ ಬೇಡ.

ಹಳೆಯ ಸೀಮೆಸುಣ್ಣ

ನಡುವೆ ಎಲ್ಲೋ ಅರಿಸ್ಟಾಟಲ್‌ನ ಹೆಸರು ಹೇಳಿರುತ್ತೀರಿ. ಅಲ್ಲಿ.